ಸ್ಕ್ರೀನಿಂಗ್‌ಗೆ ಬಂದವರಲ್ಲಿ ಆಸ್ಟಿಯೊಪೊರೊಸಿಸ್ ಪತ್ತೆಯಾದರೆ ಮೊದಲ ಕೋಡ್ ಯಾವುದು?

ನೀವು ಕೇಳಿರುವುದು ಇಷ್ಟು: 67 ವರ್ಷದ ಅಮೆರಿಕನ್ ಮಹಿಳೆಯೊಬ್ಬರು ಮೂಳೆ ಸಾಂದ್ರತೆಯ ಡೆಕ್ಸಾ ಪರೀಕ್ಷೆಗೆ ಬಂದಿದ್ದಾರೆ, ವೈದ್ಯರ ಆರ್ಡರ್‌ನಲ್ಲಿ ‘ಸ್ಕ್ರೀನಿಂಗ್’ ಎಂದಿದೆ, ವರದಿಯಲ್ಲಿ ಆಸ್ಟಿಯೊಪೊರೊಸಿಸ್ (ಮೂಳೆ ಸಾಂದ್ರತೆ ಕುಗ್ಗಿ ದುರ್ಬಲವಾಗುವ ಕಾಯಿಲೆ) ಎಂದು ಬಂದಿದೆ, ಈಗ ಸ್ಕ್ರೀನಿಂಗ್‌ನ ಕೋಡ್ ಜೆಡ್ 13.820 ಮೊದಲೋ, ಕಾಯಿಲೆಯ ಕೋಡ್ ಎಂ 81.0 ಮೊದಲೋ, ಅಥವಾ ಕಾಯಿಲೆ ಸಿಕ್ಕ ಮೇಲೆ ಸ್ಕ್ರೀನಿಂಗ್ ಕೋಡನ್ನೇ ಕೈಬಿಡಬೇಕೋ? ಬೆಂಗಳೂರಿನಲ್ಲಿ ಕುಳಿತು ಅಮೆರಿಕದ ಹೊರರೋಗಿ ಚಾರ್ಟ್‌ಗಳನ್ನು ಕೋಡ್ ಮಾಡುವುದೇ, ಅಂದರೆ ವಿಮೆಗಾಗಿ ಕಾಯಿಲೆ ಮತ್ತು ಭೇಟಿಯ ಕಾರಣಕ್ಕೆ ಸಂಕೇತ ಹಾಕುವುದೇ, ನನ್ನ ಕೆಲಸವಾದ್ದರಿಂದ ಇದಕ್ಕೆ ಸ್ವಲ್ಪ ವಿವರವಾಗಿಯೇ ಉತ್ತರಿಸುತ್ತೇನೆ.

ಚಾರ್ಟ್‌ನಲ್ಲಿ ನೀವು ಹೇಳಿರುವುದಕ್ಕಿಂತ ಬೇರೇನೂ ಇಲ್ಲದಿದ್ದರೆ ಜೆಡ್ 13.820 ಮೊದಲು, ಎಂ 81.0 ಎರಡನೆಯದು. ಭೇಟಿಯ ಉದ್ದೇಶವೇ ಸ್ಕ್ರೀನಿಂಗ್ ಆಗಿದ್ದಾಗ ಅದರ ಕೋಡನ್ನು ಮೊದಲ ಸ್ಥಾನದಲ್ಲಿಡಲು ಮತ್ತು ಪರೀಕ್ಷೆಯಲ್ಲಿ ಪತ್ತೆಯಾದ ಕಾಯಿಲೆಯನ್ನು ಹೆಚ್ಚುವರಿ ಕೋಡ್ ಆಗಿ ಸೇರಿಸಲು ಅಮೆರಿಕದಲ್ಲಿ ಬಳಸುವ ಕಾಯಿಲೆಗಳ ಕೋಡ್ ಪಟ್ಟಿಯಾದ ಐಸಿಡಿ-10-ಸಿಎಂನ ಮಾರ್ಗಸೂಚಿ ಅವಕಾಶ ಕೊಡುತ್ತದೆ. ವರದಿಯಲ್ಲಿ ಏನೇ ಬರಲಿ, ಆಕೆ ಆ ದಿನ ಯಾತಕ್ಕೆ ಬಂದರು ಎಂಬುದು ಅದರಿಂದ ಬದಲಾಗುವುದಿಲ್ಲ. ಜೆಡ್ 13.82 ಎಂದು ಅರ್ಧಕ್ಕೆ ನಿಲ್ಲಿಸಿದರೆ ಕ್ಲೇಮ್ (ವಿಮೆಗೆ ಕಳುಹಿಸುವ ಬಿಲ್) ವಾಪಸು ಬರುತ್ತದೆ, ಕೊನೆಯ ಅಂಕಿ ಬೇಕೇ ಬೇಕು. ಹಾಗೆಯೇ ಆಸ್ಟಿಯೊಪೊರೊಸಿಸ್‌ನಿಂದಲೇ ಆದ ಮುರಿತವೊಂದು ಸದ್ಯಕ್ಕೆ ಇದ್ದರೆ ಎಂ 81.0 ಸಲ್ಲದು, ಎಂ 80ರ ಗುಂಪಿಗೆ ಹೋಗಬೇಕು.

ನನ್ನ ಅನುಭವದಲ್ಲಿ ಜನ ಎಡವುವುದು ಕೋಡ್‌ಗಳ ಅನುಕ್ರಮದಲ್ಲಲ್ಲ, ಆರ್ಡರ್‌ನಲ್ಲಿರುವ ‘ಸ್ಕ್ರೀನಿಂಗ್’ ಎಂಬ ಪದವನ್ನು ಕಣ್ಣುಮುಚ್ಚಿ ನಂಬುವುದರಲ್ಲಿ. ಮಾರ್ಗಸೂಚಿಯ ದೃಷ್ಟಿಯಲ್ಲಿ ಸ್ಕ್ರೀನಿಂಗ್ ಎಂದರೆ ಮೇಲ್ನೋಟಕ್ಕೆ ಆರೋಗ್ಯವಾಗಿರುವವರಲ್ಲಿ ಕಾಯಿಲೆಯನ್ನು ಬೇಗ ಹಿಡಿಯಲು ಮಾಡುವ ಪರೀಕ್ಷೆ. ಒಂದು ಲಕ್ಷಣ ಕಂಡು, ಅನುಮಾನ ಹುಟ್ಟಿ, ಅದನ್ನು ಖಚಿತಪಡಿಸಿಕೊಳ್ಳಲು ಮಾಡಿಸುವುದು ರೋಗನಿರ್ಣಯದ ಪರೀಕ್ಷೆ. ಆ ಮಹಿಳೆಯ ಎತ್ತರ ಕುಗ್ಗಿದೆ ಎಂಬ ಕಾರಣಕ್ಕೆ ವೈದ್ಯರು ಡೆಕ್ಸಾ ಬರೆದಿದ್ದರೆ ಅಲ್ಲಿ ಜೆಡ್ 13.820ಕ್ಕೆ ಜಾಗವಿಲ್ಲ. ವರದಿ ಸಹಜವಾಗಿದ್ದರೆ ಎತ್ತರ ಕುಗ್ಗಿದ್ದಕ್ಕೆ ಆರ್ 29.890, ಕಾಯಿಲೆ ಖಚಿತವಾದರೆ ಎಂ 81.0. ಆದರೆ ಆಕೆ ಬಲಮೊಣಕಾಲಿನ ನೋವಿಗೆಂದು ಬಂದು, ಮಾತಿನ ನಡುವೆ ವೈದ್ಯರು ‘ವಯಸ್ಸಾಯಿತು, ಮೂಳೆಯನ್ನೂ ನೋಡಿಬಿಡೋಣ’ ಎಂದು ಅಲ್ಲೇ ಪರೀಕ್ಷೆ ಮಾಡಿಸಿದ್ದರೆ ಕಥೆ ಬೇರೆ: ಆಗ ಆ ನೋವಿನ ಕೋಡ್ ಎಂ 25.561 ಮೊದಲು ಬಂದು, ಸ್ಕ್ರೀನಿಂಗ್ ಕೋಡ್ ಅದರ ಹಿಂದೆ ನಿಲ್ಲುತ್ತದೆ.

ನಾನೇ ಒಮ್ಮೆ ಎಡವಿದ್ದು ಇನ್ನೂ ಸರಳವಾದ ಕಡೆ. ಆಸ್ಪತ್ರೆಯೊಂದರ ಆರ್ಡರ್ ಟೆಂಪ್ಲೇಟ್‌ನಲ್ಲಿ ‘ಸ್ಕ್ರೀನಿಂಗ್ ಡೆಕ್ಸಾ’ ಎಂದು ಮೊದಲೇ ಅಚ್ಚಾಗಿರುತ್ತಿತ್ತು. ನಾನು ಅದನ್ನೇ ಹಿಡಿದು ಕೋಡ್ ಹಾಕಿದ ಮಹಿಳೆ ಅಷ್ಟರಲ್ಲಾಗಲೇ ಮೂರು ವರ್ಷದಿಂದ ಆಸ್ಟಿಯೊಪೊರೊಸಿಸ್‌ಗೆ ಕೊಡುವ ಬಿಸ್‌ಫಾಸ್ಫೊನೇಟ್ ವರ್ಗದ ಅಲೆಂಡ್ರೊನೇಟ್ ಮಾತ್ರೆ ತೆಗೆದುಕೊಳ್ಳುತ್ತಿದ್ದರು. ಇರುವುದು ಗೊತ್ತಿರುವ ಕಾಯಿಲೆಗೆ ಸ್ಕ್ರೀನಿಂಗ್ ಎಂಬುದೇ ಇಲ್ಲ, ಅಲ್ಲಿ ಎಂ 81.0 ಮತ್ತು ದೀರ್ಘಕಾಲದ ಬಿಸ್‌ಫಾಸ್ಫೊನೇಟ್ ಬಳಕೆಗೆ ಜೆಡ್ 79.83 ಬರಬೇಕಿತ್ತು. ಆಡಿಟ್‌ನಲ್ಲಿ ಅಂಕ ಹೋಯಿತು, ಅಂದಿನಿಂದ ಔಷಧಿಗಳ ಪಟ್ಟಿಯನ್ನು ಓದದೆ ಡೆಕ್ಸಾ ಚಾರ್ಟ್ ಮುಗಿಸಿಲ್ಲ.

ಮೂಳೆ ಸಾಂದ್ರತೆಯನ್ನು ತೋರುವ ಡೆಕ್ಸಾ ಅಂಕಿಯಾದ ಟಿ-ಸ್ಕೋರ್ ವಿಷಯದಲ್ಲಿಯೂ ಎಚ್ಚರ ಬೇಕು. ಮೈನಸ್ 2.5 ಅಥವಾ ಅದಕ್ಕಿಂತ ಕೆಳಗಿದ್ದರೆ ಆಸ್ಟಿಯೊಪೊರೊಸಿಸ್, ಮೈನಸ್ 1 ಮತ್ತು ಮೈನಸ್ 2.5ರ ನಡುವೆ ಇದ್ದರೆ ಆಸ್ಟಿಯೊಪೀನಿಯಾ (ಅಷ್ಟು ತೀವ್ರವಲ್ಲದ ಸಾಂದ್ರತೆಯ ಕೊರತೆ) ಎಂಬುದು ನಮಗೆಲ್ಲ ಬಾಯಿಪಾಠವಾಗಿದ್ದರೂ, ಅಂಕಿ ನೋಡಿ ಕಾಯಿಲೆಯ ಹೆಸರಿಡುವ ಅಧಿಕಾರ ಕೋಡರ್‌ಗಿಲ್ಲ. ವರದಿಗೆ ಸಹಿ ಹಾಕಿದ ರೇಡಿಯಾಲಜಿಸ್ಟ್ ಆ ಹೆಸರನ್ನು ಬರೆದಿದ್ದರೆ ಹೊರರೋಗಿ ಕೋಡಿಂಗ್‌ನಲ್ಲಿ ಅದು ಸಾಕು. ‘ಇರಬಹುದು’, ‘ಅನುಮಾನವಿದೆ’ ಎಂದಷ್ಟೇ ಇದ್ದರೆ ಅದನ್ನು ಕಾಯಿಲೆಯೆಂದು ಕೋಡ್ ಮಾಡುವಂತಿಲ್ಲ.

ಕೋಡ್ ಸರಿಯಾಗಿದ್ದರೂ ಹಣ ಬರದಿರುವುದು ಇನ್ನೊಂದು ಸಂಗತಿ, ಅದನ್ನು ಇದರೊಂದಿಗೆ ಬೆರೆಸಬೇಡಿ. ಸೊಂಟ ಮತ್ತು ಬೆನ್ನುಮೂಳೆಯ ಡೆಕ್ಸಾಗೆ ಪರೀಕ್ಷೆ-ಚಿಕಿತ್ಸೆಗಳ ಕೋಡ್ ಪಟ್ಟಿಯಾದ ಸಿಪಿಟಿಯ 77080 ಬಳಸುತ್ತೇವೆ. ಅದಕ್ಕೆ ಮುಖ್ಯವಾಗಿ ಹಿರಿಯರಿಗಿರುವ ಅಮೆರಿಕದ ಸರ್ಕಾರಿ ವಿಮೆಯಾದ ಮೆಡಿಕೇರ್ ಸಾಮಾನ್ಯವಾಗಿ 24 ತಿಂಗಳಿಗೊಮ್ಮೆ ಮಾತ್ರ ಹಣ ಕೊಡುತ್ತದೆ, ಅದೂ ರೋಗಿ ಅದರ ಐದು ವರ್ಗಗಳಲ್ಲಿ ಒಂದಕ್ಕಾದರೂ ಸೇರಿದ್ದರೆ. ಈಸ್ಟ್ರೋಜೆನ್ ಕೊರತೆಯಿದ್ದು ಅಪಾಯದಲ್ಲಿರುವ ಮಹಿಳೆ, ಎಕ್ಸ್-ರೇಯಲ್ಲಿ ಬೆನ್ನೆಲುಬಿನ ದೋಷ ಕಂಡವರು, ದಿನಕ್ಕೆ 5 ಮಿಲಿಗ್ರಾಂ ಅಥವಾ ಹೆಚ್ಚು ಪ್ರೆಡ್ನಿಸೋನ್‌ಗೆ ಸಮನಾದ ಸ್ಟಿರಾಯ್ಡ್ ಅನ್ನು ಮೂರು ತಿಂಗಳಿಗಿಂತ ಹೆಚ್ಚು ಕಾಲ ಪಡೆಯುತ್ತಿರುವವರು, ಪ್ರೈಮರಿ ಹೈಪರ್‌ಪ್ಯಾರಾಥೈರಾಯ್ಡಿಸಮ್ (ಪ್ಯಾರಾಥೈರಾಯ್ಡ್ ಗ್ರಂಥಿಯ ಅತಿ ಚಟುವಟಿಕೆ) ಇರುವವರು, ಮತ್ತು ಆಸ್ಟಿಯೊಪೊರೊಸಿಸ್ ಔಷಧಿಯ ಪರಿಣಾಮವನ್ನು ಗಮನಿಸಬೇಕಾದವರು ಆ ವರ್ಗಗಳಲ್ಲಿದ್ದಾರೆ. ಬರಿಯ 65 ದಾಟಿದ ವಯಸ್ಸು ಆ ಪಟ್ಟಿಯಲ್ಲಿ ಇಲ್ಲವೆಂಬುದನ್ನು ಗಮನಿಸಿ. ಆದ್ದರಿಂದ ದಾಖಲೆಯಲ್ಲಿ ಇರುವ ಪಕ್ಷದಲ್ಲಿ ಮುಟ್ಟು ನಿಂತಿರುವುದಕ್ಕೆ ಜೆಡ್ 78.0, ಸ್ಟಿರಾಯ್ಡ್‌ಗೆ ಜೆಡ್ 79.52 ಇವನ್ನು ಬಿಡದೆ ಸೇರಿಸಿ. ಖಾಸಗಿ ವಿಮೆಗಳ ಲೆಕ್ಕ ಬೇರೆ, ಅವು ನೋಡುವುದು ತಜ್ಞರ ಶಿಫಾರಸಿನ ದರ್ಜೆಯನ್ನು: 65 ಮತ್ತು ಮೇಲ್ಪಟ್ಟ ಮಹಿಳೆಯರ ಸ್ಕ್ರೀನಿಂಗ್‌ಗೆ ಅಮೆರಿಕದ ಪ್ರಿವೆಂಟಿವ್ ಸರ್ವೀಸಸ್ ಟಾಸ್ಕ್ ಫೋರ್ಸ್ ಎಂಬ ತಜ್ಞರ ಮಂಡಳಿ ‘ಬಿ’ ದರ್ಜೆ (ಮಾಡಿಸಿ ಎಂಬ ಶಿಫಾರಸು) ಕೊಟ್ಟಿದೆ, 2025ರ ಜನವರಿಯಲ್ಲಿಯೂ ಅದನ್ನು ಉಳಿಸಿಕೊಂಡಿದೆ. ಪುರುಷರ ಬಗ್ಗೆ ಸಾಕಷ್ಟು ಪುರಾವೆ ಇಲ್ಲವೆಂದು ಅದು ಹೇಳಿದರೂ ಅವರಿಗೂ ಬಳಸುವ ಕೋಡ್ ಅದೇ ಜೆಡ್ 13.820.

ಕೊನೆಯಲ್ಲಿ ನೀವು ಜೆಡ್ 13.828 ಬಗ್ಗೆಯೂ ಕೇಳಿದ್ದೀರಿ. ಅದು ಉಳಿದ ಮೂಳೆ-ಸ್ನಾಯು ತೊಂದರೆಗಳ ಸ್ಕ್ರೀನಿಂಗ್‌ಗೆ. ಮಗುವಿನ ವಾಡಿಕೆಯ ಆರೋಗ್ಯ ತಪಾಸಣೆಯಲ್ಲಿ ವೈದ್ಯರು ಮುಂದಕ್ಕೆ ಬಾಗಿಸಿ ಬೆನ್ನು ನೋಡಿದರೆ ಅದು ಆ ತಪಾಸಣೆಯ ಒಳಗೇ ಸೇರಿದ್ದು, ತಪಾಸಣೆಯ ಕೋಡ್ ಜೆಡ್ 00.129 ಸಾಕು, ಡೊಂಕು ಕಂಡರೆ ಜೆಡ್ 00.121 ಹಾಕಿ ಕಂಡದ್ದನ್ನು ಜೊತೆಗೆ ಬರೆಯಿರಿ. ಶಾಲೆಯಲ್ಲಿ ಡೊಂಕು ಗಮನಿಸಿ ಕಳುಹಿಸಿದ ಮಗುವಿಗೆ ಮಾತ್ರ ಸ್ಕ್ರೀನಿಂಗ್ ಕೋಡ್ ಹಾಕಬೇಡಿ, ಆ ಸ್ಕ್ರೀನಿಂಗ್ ಶಾಲೆಯಲ್ಲೇ ಮುಗಿದಿರುತ್ತದೆ.

ನಿಮ್ಮ ಚಾರ್ಟ್‌ಗೆ ಮರಳಿದರೆ, ಆರ್ಡರ್ ಒಂದು ಹೇಳಿ ವೈದ್ಯರ ನೋಟ್ಸ್ ಇನ್ನೊಂದು ಹೇಳುತ್ತಿದ್ದರೆ ಊಹಿಸಲು ಹೋಗದೆ ಪ್ರೊವೈಡರ್‌ಗೆ, ಅಂದರೆ ಆ ವೈದ್ಯರಿಗೆ, ಸ್ಪಷ್ಟನೆ ಕೋರುವ ಕ್ವೆರಿ ಕಳುಹಿಸಿ, ಉತ್ತರ ಬರುವವರೆಗೆ ಕ್ಲೇಮನ್ನು ಹಿಡಿದಿಡಿ.