ಕ್ಯಾಮೆರಾ ಕಂಡ ಕೂಡಲೇ ನಮ್ಮವರು ಬಿಗಿಯಾಗಿಬಿಡುತ್ತಾರೆ, ಏನು ಮಾಡಲಿ?

ಪುಣೆಯ ಹೋಟೆಲುಗಳಲ್ಲಿ ದುಡಿಯುವ ನಿಮ್ಮ ಊರಿನವರ ಬಗ್ಗೆ ಡಾಕ್ಯುಮೆಂಟರಿ ಮಾಡಲು ಹೊರಟಿದ್ದೀರಿ. ಕ್ಯಾಮೆರಾ ತೆಗೆದರೆ ಸಾಕು, ಎಲ್ಲರೂ ಫೋಟೊಗೆ ನಿಂತ ಹಾಗೆ ನಿಲ್ಲುತ್ತಾರೆ ಅಂತ ಬರೆದಿದ್ದೀರಿ. ಮುಂಬೈಯ ಮಾಟುಂಗಾದ ಒಂದು ಉಡುಪಿ ಹೋಟೆಲಿನ ಅಡುಗೆಮನೆಯಲ್ಲಿ ನಾನು ಇಡೀ ಮಳೆಗಾಲ ಶೂಟಿಂಗ್ ಮಾಡಿದ್ದೇನೆ. ಅಲ್ಲೂ ಶುರುವಿನಲ್ಲಿ ಇದೇ ಕಥೆ.

ಮೊದಲ ಎರಡು ದಿನ ದೋಸೆ ಭಟ್ಟರು ಇಸ್ತ್ರಿ ಹಾಕಿದ ಶರ್ಟ್ ತೊಟ್ಟು ಬಂದರು. ಬೆಳಗ್ಗೆ ಐದಕ್ಕೆ, ಕಾವಲಿ ಮುಂದೆ, ಆ ಸೆಖೆಯಲ್ಲಿ! ನಾನು ಏನೂ ಹೇಳಲಿಲ್ಲ. ಲೈಟ್ ಹಾಕಲಿಲ್ಲ, ಪ್ರಶ್ನೆ ಕೇಳಲಿಲ್ಲ, 'ಇನ್ನೊಂದ್ಸಲ ಮಾಡಿ' ಅನ್ನಲಿಲ್ಲ. ದಿನಾ ಅದೇ ಹೊತ್ತಿಗೆ ಹೋಗಿ ಗ್ರೈಂಡರ್ ಪಕ್ಕದ ಅದೇ ಮೂಲೆಯಲ್ಲಿ ನಿಂತೆ. ಎಷ್ಟೋ ಹೊತ್ತು ಕ್ಯಾಮೆರಾ ಸುಮ್ನೆ ಕೈಯಲ್ಲೇ ಇರುತ್ತಿತ್ತು. ಆರನೇ ದಿನ ಅವರು ಬನಿಯನ್‌ನಲ್ಲೇ ಬಂದರು. ಕಡ್ಡಿ ಪೊರಕೆಯಿಂದ ಕಾವಲಿಗೆ ನೀರು ಚಿಮುಕಿಸಿ, ಅದು ಚುಂಯ್ ಅನ್ನುವಾಗಲೇ ಒಮ್ಮೆ ಗುಡಿಸಿ, ಹಿಟ್ಟು ಹೊಯ್ದರು. ತಿರುಗಿ ನೋಡದೆಯೇ ನನಗೆ, "ಹ್ವಾಯ್, ಆ ಬಕೇಟ್ ಇತ್ಲಾಗೆ ಕೊಡಿ ಕಾಂಬ" ಅಂದರು. ಕ್ಯಾಮೆರಾ ಕೆಳಗಿಟ್ಟು ಕೊಟ್ಟೆ. ನನ್ನ ಸಿನಿಮಾ ಶುರುವಾದದ್ದು ಅವತ್ತು.

ತಂಡ ಚಿಕ್ಕದಿರಲಿ, ಇಬ್ಬರು ಸಾಕು. ಅಮೆರಿಕದ ಡಾಕ್ಯುಮೆಂಟರಿ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್ ಸಿನಿಮಾಗಳಲ್ಲಿ ನಿರೂಪಣೆಯೂ ಇಲ್ಲ, ಸಂದರ್ಶನವೂ ಇಲ್ಲ. ಅವರು ನಿರ್ದೇಶಕರಾಗಿದ್ದರೂ ಹಿಡಿಯುತ್ತಿದ್ದದ್ದು ಮೈಕ್, ಕ್ಯಾಮೆರಾ ಬೇರೆಯವರ ಕೈಯಲ್ಲಿ. ನನಗೆ ಇದು ತುಂಬಾ ಸರಿ ಅನಿಸುತ್ತದೆ. ಮೈಕ್ ಹಿಡಿದವರಿಗೆ ಫ್ರೇಮಿನ ಆಚೆ ಯಾರು ಏನು ಗೊಣಗಿದರು ಅನ್ನುವುದೂ ಕೇಳುತ್ತದೆ.

ಆದರೆ ನೀವು ಕೇಳದೇ ಇರುವ ಪ್ರಶ್ನೆ ಒಂದಿದೆ. ಜನ ಕ್ಯಾಮೆರಾ ಮರೆತ ಮೇಲೆ ಏನು?

ಒಂದು ಮಧ್ಯಾಹ್ನ ಭಟ್ಟರು ಹಿಂಬಾಗಿಲ ಹತ್ತಿರ ನಿಂತು ಊರಿಗೆ, ಅಮ್ಮನಿಗೆ ಫೋನ್ ಮಾಡಿದರು. ಕಾಲರ್ ಮೈಕ್ ಇರುವುದು ಅವರಿಗೆ ನೆನಪಿರಲಿಲ್ಲ. ಸಾಲದ ಮಾತು. ಧ್ವನಿ ಎಷ್ಟು ಚೆನ್ನಾಗಿ ಬಂದಿತ್ತು ಅಂದರೆ, ಅಮ್ಮ ಫೋನ್ ಇಟ್ಟ ಮೇಲೆ ಅವರು ಬಿಟ್ಟ ಉಸಿರೂ ಕೇಳುತ್ತಿತ್ತು. ರಾತ್ರಿ ಕೂತು ಅದನ್ನು ಅಳಿಸಿದೆ. ಅಲ್ಲಿ ಕೆಲಸದವರೆಲ್ಲ ಒಂದೇ ಮಾಳಿಗೆಯಲ್ಲಿ ಮಲಗುತ್ತಾರೆ, ಎಲ್ಲರೂ ಕುಂದಾಪುರದ ಕಡೆಯ ಮೂರ್ನಾಲ್ಕು ಹಳ್ಳಿಯವರು. ಇಲ್ಲಿ ಆಡಿದ ಮಾತು ಸಂಜೆಯೊಳಗೆ ಊರು ಮುಟ್ಟುತ್ತದೆ. ವೈಸ್‌ಮನ್ 1967ರಲ್ಲಿ ಮಾನಸಿಕ ಅಸ್ವಸ್ಥ ಕೈದಿಗಳ ಆಸ್ಪತ್ರೆಯ ಬಗ್ಗೆ ಮಾಡಿದ ಮೊದಲ ಸಿನಿಮಾವನ್ನು, ಕೈದಿಗಳ ಖಾಸಗಿತನಕ್ಕೆ ಧಕ್ಕೆ ಅಂತ ಅಲ್ಲಿನ ಕೋರ್ಟು ತಡೆಯಿತು. ಸಾರ್ವಜನಿಕ ಪ್ರದರ್ಶನಕ್ಕೆ ಬಿಟ್ಟದ್ದು 1991ರಲ್ಲಿ. ಆ ಸಿನಿಮಾ ಜನ ನೋಡಲೇಬೇಕಿತ್ತು, ಯಾಕೆಂದರೆ ಒಳಗಿನ ಕ್ರೌರ್ಯ ಹೊರಗೆ ಗೊತ್ತಾಗಬೇಕಿತ್ತು. ಭಟ್ಟರ ಸಾಲ ತೋರಿಸಿದರೆ ಯಾರಿಗೆ ಏನು ಗೊತ್ತಾಗಬೇಕು, ಹೇಳಿ?

ಎಡಿಟಿಂಗ್ ಮುಗಿದ ಮೇಲೆ, ಹೋಟೆಲ್ ಬಾಗಿಲು ಹಾಕಿದ ನಂತರ, ಅದೇ ಮಾಳಿಗೆಯಲ್ಲಿ ಲ್ಯಾಪ್‌ಟಾಪ್ ಇಟ್ಟು ಎಲ್ಲರಿಗೂ ತೋರಿಸಿದೆ. ಪಾತ್ರೆ ತೊಳೆಯುವ ಹುಡುಗ ತಾನು ಅಳುವ ಒಂದು ದೃಶ್ಯ ಬೇಡ ಅಂದ. ನನಗೆ ಬಹಳ ಇಷ್ಟವಾದ ದೃಶ್ಯ ಅದು. ತೆಗೆದೆ. ಮೊದಲು ನಿಮಗೇ ತೋರಿಸುತ್ತೇನೆ, ಬೇಡ ಅಂದದ್ದನ್ನು ತೆಗೆಯುತ್ತೇನೆ ಅಂತ ನೀವೂ ಶೂಟಿಂಗಿಗೆ ಮೊದಲೇ ಅವರಿಗೆ ಮಾತು ಕೊಟ್ಟುಬಿಡಿ.

ಮೊದಲ ವಾರ ಕ್ಯಾಮೆರಾ ಮನೆಯಲ್ಲೇ ಇರಲಿ. ಅವರು ಕೆಲಸ ಶುರು ಮಾಡುವ ಹೊತ್ತಿಗೆ ಹೋಗಿ, ಯಾರ ಕಾಲಿಗೂ ಅಡ್ಡ ಬರದೆ ನಿಲ್ಲಲು ಎಲ್ಲಿ ಜಾಗ ಇದೆ ನೋಡಿಕೊಳ್ಳಿ.