ಅಟ್ಲಾಸ್ ಪತಂಗ ದಿನವಿಡೀ ಗೋಡೆ ಮೇಲೆ ಅಲುಗಾಡದೆ ಕೂರುವುದು ಏಕೆ?

ಮನೆಗೋಡೆಯ ಮೇಲೆ ಅಟ್ಲಾಸ್ ಎಂಬ ದೊಡ್ಡ ಪತಂಗವೊಂದು ದಿನವಿಡೀ ಅಲುಗಾಡದೆ ಕೂತಿದೆ, ಕಾಯಿಲೆಯೇ ಎಂದು ಮಡಿಕೇರಿಯಿಂದ ಒಬ್ಬರು ಕೇಳಿದ್ದಾರೆ. ನಿಮ್ಮ ಪತಂಗಕ್ಕೆ ಕಾಯಿಲೆ ಏನೂ ಇಲ್ಲ. ಅದು ಶಕ್ತಿ ಉಳಿಸಿಕೊಳ್ಳುತ್ತಿದೆ, ಅಷ್ಟೇ.

ರೆಕ್ಕೆ ಬಂದ ಮೇಲೆ ಅಟ್ಲಾಸ್ ಪತಂಗಕ್ಕೆ ತಿನ್ನುವ ಬಾಯಿಯೇ ಇರುವುದಿಲ್ಲ. ಮರಿಹುಳುವಾಗಿದ್ದಾಗ ದಾಲ್ಚಿನ್ನಿ, ಸೀಬೆ, ನಿಂಬೆ ಜಾತಿಯ ಗಿಡಗಳ ಎಲೆ ತಿಂದು ಮೈಯಲ್ಲಿ ಕೂಡಿಟ್ಟ ಕೊಬ್ಬೇ ಅದರ ಬುತ್ತಿ. ಅದರಲ್ಲೇ ಒಂದೆರಡು ವಾರ ಬದುಕಬೇಕು. ಜಾಸ್ತಿ ಹಾರಿದರೆ ಬುತ್ತಿ ಬೇಗ ಖಾಲಿ. ಹಾಗಾಗಿ ಹಗಲೆಲ್ಲ ಸುಮ್ನೆ ಕೂರುತ್ತದೆ.

ಹತ್ತಿರ ಹೋಗಿ ಅದರ ಮೀಸೆ ನೋಡಿ. ಅಗಲವಾಗಿ, ಗರಿಯಂತೆ ಹರಡಿದ್ದರೆ ಗಂಡು. ಹೆಣ್ಣಿನ ಮೀಸೆ ಸಣ್ಣ. ಹೆಣ್ಣು ಕೂತಲ್ಲಿಂದಲೇ ರಾತ್ರಿ ಒಂದು ವಾಸನೆ ಬಿಡುತ್ತದೆ. ಗಂಡು ಆ ಮೀಸೆಯಿಂದ ಅದನ್ನು ಹಿಡಿದು, ದೂರದಿಂದ ಹುಡುಕಿಕೊಂಡು ಬರುತ್ತದೆ. ರೆಕ್ಕೆಯ ತುದಿಯನ್ನೂ ನೋಡಿ, ಥೇಟ್ ಹಾವಿನ ತಲೆ ಅಲ್ವಾ? ನನಗಂತೂ ಎಷ್ಟು ಸಲ ನೋಡಿದರೂ ಸಾಲದು.

ಕಾಫಿ ತೋಟದ ನೆರಳಿನ ಮರಗಳಿಂದ ಲೈಟಿನ ಬೆಳಕಿಗೆ ಬಂದಿರಬೇಕು. ಮುಟ್ಟಬೇಡಿ, ರೆಕ್ಕೆಯ ಪುಡಿ ಉದುರುತ್ತದೆ. ರಾತ್ರಿ ಹೊರಗಿನ ಲೈಟ್ ಆರಿಸಿಬಿಡಿ, ತಾನೇ ಹೋಗುತ್ತದೆ.