ಆಟ ಅಲ್ಲಿ, ಕಿವಿ ಇಲ್ಲಿ

ಈ ಸಲ ಬಂದ ಪತ್ರಗಳಲ್ಲಿ ಫುಟ್‌ಬಾಲಿನದೇ ಜಾಸ್ತಿ. ಅದೂ ಟೀವಿ ಬಗ್ಗೆ ಅಲ್ಲ, ರೇಡಿಯೋ ಬಗ್ಗೆ! ವೈಫೈ, ಮೊಬೈಲ್ ಬ್ಯಾಟರಿ ಅಂತ ಬರೆದವರು ಮುಂದಿನ ಸಂಚಿಕೆಯವರೆಗೆ ಸ್ವಲ್ಪ ತಡೆದುಕೊಳ್ಳಿ.

ಪ್ರಶ್ನೆ: ಕೆಲವು ವರ್ಷ ಅಮೆರಿಕದಲ್ಲಿ ಕೆಲಸ ಮಾಡಿ ವಾಪಸ್ ಬಂದವನು ನಾನು. ಅಲ್ಲಿದ್ದಾಗ ಆ ಊರಿನ ಎನ್‌ಎಫ್‌ಎಲ್ (ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಅಮೆರಿಕನ್ ಫುಟ್‌ಬಾಲಿನ ಲೀಗು) ತಂಡದ ಆಟವನ್ನು ಕಾರಿನ ರೇಡಿಯೋದಲ್ಲಿ ಕೇಳುವ ಚಟ ಹತ್ತಿಬಿಟ್ಟಿತು. ಈಗ ಅದೇ ಸ್ಟೇಷನ್ನನ್ನು ಇಲ್ಲಿ ಫೋನಿನಲ್ಲಿ ಹಾಕಿದರೆ ಟ್ರಾಫಿಕ್ಕು, ಹವಾಮಾನ, ಜಾಹೀರಾತು ಎಲ್ಲ ಸೊಗಸಾಗಿ ಬರುತ್ತದೆ. ಆಟ ಶುರುವಾಗುವ ಹೊತ್ತಿಗೆ ಮಾತ್ರ ಇನ್ಯಾವುದೋ ಹರಟೆ. ನನ್ನ ಇಂಟರ್ನೆಟ್ಟಿನದೇ ತೊಂದರೆಯಾ?
– ಓದುಗರು, ರಾಜಾಜಿನಗರ

ಉತ್ತರ: ಅಲ್ಲ ಸರ್, ನಿಮ್ಮ ಇಂಟರ್ನೆಟ್ ಸರಿಯಾಗಿಯೇ ಇದೆ. ಬೇಕೆಂದೇ ತಡೆದಿದ್ದಾರೆ.

ಎನ್‌ಎಫ್‌ಎಲ್‌ನಲ್ಲಿ ಪ್ರತಿ ತಂಡಕ್ಕೂ ತನ್ನದೇ ರೇಡಿಯೋ ಕಾಮೆಂಟರಿ ಬಳಗ ಇರುತ್ತದೆ, ಅದನ್ನು ಬಿತ್ತರಿಸುವ ಮುಖ್ಯ ಸ್ಟೇಷನ್ ಇರುತ್ತದೆ. ಟವರಿನಿಂದ ಹೊರಟ ಧ್ವನಿ ಎಷ್ಟು ದೂರ ಹೋಗುತ್ತದೋ ಅಷ್ಟು ದೂರ ಯಾರು ಬೇಕಾದರೂ ಕೇಳಬಹುದು. ಆದರೆ ಅದೇ ಧ್ವನಿಯನ್ನು ಇಂಟರ್ನೆಟ್ಟಿನಲ್ಲಿ ಹೊರಗಿನವರಿಗೆ ಕೊಡುವ ಹಕ್ಕು ಸ್ಟೇಷನ್ನಿನದಲ್ಲ, ಲೀಗಿನದು. ಲೀಗು ಅದನ್ನು ಬೇರೆಯಾಗಿ ಮಾರಿಕೊಳ್ಳುತ್ತದೆ. ನೀವು ಎಲ್ಲಿಂದ ಕೇಳುತ್ತಿದ್ದೀರಿ ಅಂತ ಆ್ಯಪ್‌ಗೆ ಗೊತ್ತಿರುತ್ತದಲ್ಲ, ಆಟದ ಹೊತ್ತಿಗೆ ನಿಮಗೆ ಬೇರೆ ಕಾರ್ಯಕ್ರಮ ಹಾಕುತ್ತಾರೆ. ಬೆಂಗಳೂರಿನವರಿಗೆ ಮಾತ್ರ ಅಂತಲ್ಲ, ಅಮೆರಿಕದೊಳಗೇ ಬೇರೆ ರಾಜ್ಯಕ್ಕೆ ಮನೆ ಬದಲಿಸಿದವರದೂ ಇದೇ ಗೋಳು. ಅವರಿಗಾದರೆ ದಾರಿ ಇದೆ. ಸಿರಿಯಸ್ ಎಕ್ಸ್‌ಎಂ ಅನ್ನುವ ಉಪಗ್ರಹ ರೇಡಿಯೋ ಇದೆ, 2022ರಲ್ಲಿ ಲೀಗೇ ಶುರು ಮಾಡಿದ ಎನ್‌ಎಫ್‌ಎಲ್ ಪ್ಲಸ್ ಅನ್ನುವ ಸ್ಟ್ರೀಮಿಂಗ್ ಸೇವೆ ಇದೆ. ಎರಡಕ್ಕೂ ದುಡ್ಡು ಕೊಡಬೇಕು, ಎರಡೂ ನಮಗೆ ಸಿಗುವಂಥವಲ್ಲ.

ಹೊರದೇಶದವರಿಗೆ ಅಂತ ಇರುವುದು ಗೇಮ್ ಪಾಸ್ ಅನ್ನುವ ಚಂದಾ ಸೇವೆ, 2023ರಿಂದ ಅದನ್ನು ನಡೆಸುತ್ತಿರುವವರು ಡಾಜ್ನ್ ಕಂಪನಿಯವರು. ಮೂಲತಃ ಅದು ವಿಡಿಯೋ. ಚಿತ್ರ ಬಿಟ್ಟು ಧ್ವನಿ ಮಾತ್ರ ಕೇಳಿದರಾಯಿತು ಅನ್ನಬೇಡಿ. ಟೀವಿ ಕಾಮೆಂಟರಿಯವರು ನೋಡುವವರಿಗಾಗಿ ಮಾತಾಡುತ್ತಾರೆ, ಚೆಂಡು ಯಾರ ಕೈಯಲ್ಲಿದೆ ಅಂತ ಅವರು ಹೇಳಬೇಕಾಗಿಯೇ ಇಲ್ಲ. ಕಣ್ಣು ಮುಚ್ಚಿ ಕೇಳಿದರೆ ಐದೇ ನಿಮಿಷದಲ್ಲಿ ತಲೆಬುಡ ತಿಳಿಯದಂತಾಗುತ್ತದೆ.

ಇನ್ನೊಂದು ದಾರಿ ಇದೆ, ನನಗಂತೂ ಇದೇ ಹೆಚ್ಚು ಇಷ್ಟ. ಜಗತ್ತಿನ ಎಷ್ಟೋ ರೇಡಿಯೋ ಹವ್ಯಾಸಿಗಳು ತಮ್ಮ ಮನೆಯ ರಿಸೀವರನ್ನು ಇಂಟರ್ನೆಟ್ಟಿಗೆ ಜೋಡಿಸಿ ಇಟ್ಟಿದ್ದಾರೆ. ಕಿವಿ ಎಸ್‌ಡಿಆರ್ ಅಂತ ಅದರ ಹೆಸರು. (ನಮ್ಮ ಕಿವಿ ಅಲ್ಲ, ನ್ಯೂಜಿಲೆಂಡಿನ ಹಕ್ಕಿ!) ಬ್ರೌಸರಿನಲ್ಲಿ ತೆರೆದರೆ ಸಾಕು, ರಾಜಾಜಿನಗರದಲ್ಲಿ ಕೂತು ಒಹಾಯೋದಲ್ಲಿರುವ ರೇಡಿಯೋದ ಮುಳ್ಳು ತಿರುಗಿಸಬಹುದು. 30 ಮೆಗಾಹರ್ಟ್ಸ್‌ವರೆಗೆ ಹಿಡಿಯುತ್ತದೆ. ಅಂದರೆ ಮೀಡಿಯಂ ವೇವ್, ಶಾರ್ಟ್ ವೇವ್ ಸಿಗುತ್ತವೆ, ಎಫ್‌ಎಂ ಸಿಗುವುದಿಲ್ಲ. ಅಲ್ಲಿನ ಬಹಳಷ್ಟು ತಂಡಗಳು ಎಫ್‌ಎಂಗೆ ಹೋಗಿಬಿಟ್ಟಿವೆ, ಅದೊಂದು ಕೊರತೆ. ಆದರೂ ಸಿನ್ಸಿನಾಟಿಯ 700 ಕಿಲೋಹರ್ಟ್ಸ್, ಡೆನ್ವರ್‌ನ 850 ಕಿಲೋಹರ್ಟ್ಸ್ ಥರದ ಹಳೇ ಗಟ್ಟಿ ಸ್ಟೇಷನ್ನುಗಳು ಇವೆ. ಎರಡೂ 50 ಕಿಲೋವ್ಯಾಟಿನವು. ಮೊದಲನೆಯದು ಬೆಂಗಾಲ್ಸ್ ತಂಡದ್ದು, ಎರಡನೆಯದು ಬ್ರಾಂಕೋಸ್‌ದು.

ರಿಸೀವರ್ ಆರಿಸುವಾಗ ಅಲ್ಲಿ ಹಗಲೋ ರಾತ್ರಿಯೋ ನೋಡಿಕೊಳ್ಳಿ. ಹಗಲು ಮೀಡಿಯಂ ವೇವ್ ನೆಲ ಹಿಡಿದೇ ಸಾಗುತ್ತದೆ, ಹೆಚ್ಚು ದೂರ ಹೋಗುವುದಿಲ್ಲ. ಹಾಗಾಗಿ ಭಾನುವಾರ ಮಧ್ಯಾಹ್ನದ ಆಟಕ್ಕೆ ಸ್ಟೇಷನ್ನಿನ ಹತ್ತಿರದ ರಿಸೀವರ್ರೇ ಬೇಕು. ರಾತ್ರಿ ಆಟವಾದರೆ ನಾಲ್ಕು ರಾಜ್ಯ ಆಚೆಯದೂ ನಡೆಯುತ್ತದೆ. ನಮ್ಮ ಗಡಿಯಾರದ ಲೆಕ್ಕದಲ್ಲಿ ಅವರ ಪೂರ್ವ ಕರಾವಳಿಯ ಮಧ್ಯಾಹ್ನ 1 ಗಂಟೆ ಅಂದರೆ ಇಲ್ಲಿ ರಾತ್ರಿ 10.30. ನವೆಂಬರ್ ಮೊದಲ ವಾರದಲ್ಲಿ ಅವರು ಗಡಿಯಾರ ಹಿಂದಕ್ಕೆ ತಿರುಗಿಸಿದ ಮೇಲೆ 11.30. ಭಾನುವಾರ ರಾತ್ರಿ 8.20ರ ದೊಡ್ಡ ಆಟ ನಮಗೆ ಸೋಮವಾರ ಬೆಳಗ್ಗೆ 5.50, ಆಮೇಲೆ 6.50. ಔಟರ್ ರಿಂಗ್ ರೋಡಿನ ಕಡೆ ಆಫೀಸ್ ಇದ್ದರೆ ಕ್ಯಾಬಿನಲ್ಲೇ ನಾಲ್ಕನೇ ಕ್ವಾರ್ಟರ್ (ಆಟದ ಕೊನೆಯ ಕಾಲು ಭಾಗ) ಮುಗಿಯುತ್ತದೆ, ಟ್ರಾಫಿಕ್ಕಿಗೆ ಒಂದು ನಮಸ್ಕಾರ ಹಾಕಿ.

ಒಂದು ಮಾತು. ಇವು ಯಾರೋ ಪುಣ್ಯಾತ್ಮರ ಮನೆಯ ಯಂತ್ರಗಳು. ಒಂದೊಂದರಲ್ಲಿ ನಾಲ್ಕೋ ಎಂಟೋ ಜನಕ್ಕಷ್ಟೇ ಜಾಗ. ಎಷ್ಟೋ ಮಾಲೀಕರು ಇಷ್ಟೇ ಹೊತ್ತು ಅಂತ ಮಿತಿ ಹಾಕಿರುತ್ತಾರೆ. ಖಾಲಿ ಇರುವುದನ್ನು ನೋಡಿ ಕೂತುಕೊಳ್ಳಿ, ಮುಗಿದ ಮೇಲೆ ಟ್ಯಾಬ್ ಮುಚ್ಚಿ ಏಳಿ. ವಿಪಿಎನ್ (ನೀವು ಬೇರೆ ದೇಶದಲ್ಲಿದ್ದೀರಿ ಅಂತ ಆ್ಯಪ್‌ಗೆ ತೋರಿಸುವ ತಂತ್ರ) ಹಾಕಿ ಅಂತ ಗೆಳೆಯರು ಹೇಳಿರುತ್ತಾರೆ. ನಾನು ಹೇಳುವುದಿಲ್ಲ. ಆ್ಯಪಿನ ಷರತ್ತು ಒಪ್ಪಿಕೊಂಡು ಹಿಂಬಾಗಿಲಿಂದ ನುಗ್ಗಿದಂತಾಗುತ್ತದೆ, ಅಕೌಂಟ್ ಬಂದ್ ಮಾಡಿದರೆ ದೂರು ಕೊಡುವುದಕ್ಕೂ ಮುಖ ಇರುವುದಿಲ್ಲ.

ಪ್ರಶ್ನೆ: ನಮ್ಮನೆಯವರು ಬೆಳಗ್ಗೆ ಎದ್ದು ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಈ ಅಮೆರಿಕನ್ ಫುಟ್‌ಬಾಲ್ ಕೇಳುತ್ತಾರೆ. ಕಾಫಿ ಬೇಕಾ ಅಂದರೆ "ಥರ್ಡ್ ಅಂಡ್ ಸೆವೆನ್" ಅಂತಾರೆ. ನೋಡದೆ ಬರೀ ಕೇಳಿದರೆ ಏನು ಅರ್ಥ ಆಗುತ್ತೆ ಸರ್?
– ಓದುಗಿ, ಮಲ್ಲೇಶ್ವರ

ಉತ್ತರ: ಮೇಡಂ, ಎಲ್ಲಾ ಅರ್ಥ ಆಗುತ್ತೆ! ನಿಜ ಹೇಳಬೇಕೆಂದರೆ ರೇಡಿಯೋಗೆ ನಮ್ಮ ಫುಟ್‌ಬಾಲಿಗಿಂತ ಆ ಫುಟ್‌ಬಾಲೇ ಚೆನ್ನಾಗಿ ಒಗ್ಗುತ್ತದೆ.

ಮೈದಾನ 100 ಗಜ ಉದ್ದ, ಅಡ್ಡಕ್ಕೆ ಗೆರೆ ಎಳೆದು ನಂಬರ್ ಬರೆದಿರುತ್ತಾರೆ. ಚೆಂಡು ಹಿಡಿದ ತಂಡಕ್ಕೆ 10 ಗಜ ಮುಂದೆ ಹೋಗಲು ನಾಲ್ಕು ಅವಕಾಶ. "ಥರ್ಡ್ ಅಂಡ್ ಸೆವೆನ್" ಅಂದರೆ ಇದು ಮೂರನೇ ಅವಕಾಶ, ಇನ್ನೂ ಏಳು ಗಜ ಬಾಕಿ. ಜತೆಗೆ "34ನೇ ಗಜದ ಗೆರೆಯಲ್ಲಿ" ಅಂತ ಒಂದು ಮಾತು ಸೇರಿಸಿದರೆ ಮುಗಿಯಿತು, ಚೆಂಡು ಎಲ್ಲಿದೆ, ಎಷ್ಟು ಒತ್ತಡ ಇದೆ, ಎಲ್ಲ ಕಣ್ಣಿಗೆ ಕಟ್ಟುತ್ತದೆ. ಪ್ರತಿ ಆಟದ ತುಣುಕೂ ಕೆಲವೇ ಸೆಕೆಂಡು, ಆಮೇಲೆ ಬಿಡುವು. ಆ ಬಿಡುವಿನಲ್ಲಿ ಕಾಮೆಂಟರಿಯವನು ನಡೆದದ್ದನ್ನು ಬಿಡಿಸಿ ಹೇಳುತ್ತಾನೆ. ನೀವು ಕಾಫಿ ಕೇಳಬೇಕಾದ್ದು ಆ ಬಿಡುವಿನಲ್ಲಿ.

ನಮ್ಮ ಫುಟ್‌ಬಾಲಿನಲ್ಲಿ ಇಂಥ ಸೌಕರ್ಯ ಇಲ್ಲ. ಚೆಂಡು ನಿಲ್ಲುವುದೇ ಇಲ್ಲ, ಗೆರೆಗೆ ನಂಬರೂ ಇಲ್ಲ. ಬಿಬಿಸಿಯವರು 1927ರ ಜನವರಿ 22ರಂದು ಆರ್ಸೆನಲ್ ಮತ್ತು ಶೆಫೀಲ್ಡ್ ಯುನೈಟೆಡ್ ಪಂದ್ಯವನ್ನು ಬಿತ್ತರಿಸಿದಾಗ ಇದೇ ಚಿಂತೆ ಅವರನ್ನು ಕಾಡಿತ್ತು. ಇಂಗ್ಲಿಷ್ ಲೀಗಿನ ಮೊದಲ ರೇಡಿಯೋ ವೀಕ್ಷಕ ವಿವರಣೆ ಅದು. ಮೈದಾನವನ್ನು ಎಂಟು ಚೌಕ ಮಾಡಿ, ನಂಬರ್ ಹಾಕಿ, ಆ ನಕ್ಷೆಯನ್ನು ತಮ್ಮ ಪತ್ರಿಕೆಯಲ್ಲಿ ಮೊದಲೇ ಅಚ್ಚು ಮಾಡಿಸಿದ್ದರು. ಒಬ್ಬ ಆಟ ಹೇಳುತ್ತಾ ಹೋದರೆ ಪಕ್ಕದಲ್ಲಿ ಇನ್ನೊಬ್ಬ ಚೌಕದ ನಂಬರ್ ಕೂಗುತ್ತಿದ್ದ, ಕೇಳುವವರು ಮನೆಯಲ್ಲಿ ನಕ್ಷೆ ಮೇಲೆ ಬೆರಳಿಟ್ಟು ನೋಡಿಕೊಳ್ಳಬೇಕು. ಬೇಕಾದರೆ ಮುಂದಿನ ಸೋಮವಾರ ನೀವೂ ಒಂದು ಹಾಳೆ ಮೇಲೆ ಹತ್ತು ಗೆರೆ ಎಳೆದುಕೊಂಡು ಇಯರ್‌ಫೋನಿನ ಇನ್ನೊಂದು ತುದಿ ಕಿವಿಗೆ ಹಾಕಿಕೊಳ್ಳಿ. ಒಂದು ಕ್ವಾರ್ಟರ್ ಸಾಕು, ಹಿಡಿತ ಸಿಗುತ್ತದೆ.

ಪ್ರಶ್ನೆ: ಎಂಬತ್ತರ ದಶಕದಲ್ಲಿ ಶಾರ್ಟ್ ವೇವ್‌ನಲ್ಲಿ ಬಿಬಿಸಿ ಹಿಡಿದು ಇಂಗ್ಲೆಂಡಿನ ಪಂದ್ಯ ಕೇಳುತ್ತಿದ್ದೆ. ಈಗ ಅದೇ ಸೆಟ್ಟಿನಲ್ಲಿ ಬರೀ ಗೊರಗೊರ. ಸೆಟ್ ಕೆಟ್ಟಿತಾ, ಸ್ಟೇಷನ್ನುಗಳೇ ಮುಚ್ಚಿದವಾ?
– ಹಿರಿಯ ಓದುಗರು, ಬಸವನಗುಡಿ

ಉತ್ತರ: ಶಾರ್ಟ್ ವೇವ್ ಸ್ಟೇಷನ್ನುಗಳು ಬಹಳ ಕಡಿಮೆಯಾಗಿವೆ, ಅದು ನಿಜ. ಆದರೆ ಆ ಗೊರಗೊರಕ್ಕೆ ಮುಕ್ಕಾಲು ಪಾಲು ಕಾರಣ ನಿಮ್ಮ ಮನೆಯೊಳಗೇ ಇದೆ ಸರ್. ಎಲ್‌ಇಡಿ ಬಲ್ಬು, ಮೊಬೈಲ್ ಚಾರ್ಜರ್, ಇನ್ವರ್ಟರ್, ವೈಫೈ ಡಬ್ಬಿಯ ಅಡಾಪ್ಟರ್, ಇವೆಲ್ಲ ಕರೆಂಟನ್ನು ಕ್ಷಣಕ್ಕೆ ಸಾವಿರಾರು ಸಲ ಕಡಿದು ಕಡಿದು ಬಳಸುತ್ತವೆ. ಹಾಗೆ ಕಡಿದಾಗ ಹುಟ್ಟುವ ಸದ್ದು ಮೀಡಿಯಂ ವೇವ್, ಶಾರ್ಟ್ ವೇವ್ ಮೇಲೆಲ್ಲ ಹರಡುತ್ತದೆ.

ಪರೀಕ್ಷೆ ಸುಲಭ. ಸಂಜೆ ಕತ್ತಲಾದ ಮೇಲೆ ಸೆಟ್ಟಿಗೆ ಸೆಲ್ಲು ಹಾಕಿ, ಮೀಡಿಯಂ ವೇವ್‌ನಲ್ಲಿ ಧಾರವಾಡ ಆಕಾಶವಾಣಿಯ 765 ಕಿಲೋಹರ್ಟ್ಸ್ ಹತ್ತಿರ ಮುಳ್ಳು ನಿಲ್ಲಿಸಿ. ಮನೆಯವರಿಗೆ ಮೊದಲೇ ಹೇಳಿ ಮೇನ್ ಸ್ವಿಚ್ ಆರಿಸಿ. ಗೊರಗೊರ ತಟ್ಟನೆ ನಿಂತರೆ ಕಳ್ಳ ಒಳಗಿದ್ದಾನೆ. ಆಮೇಲೆ ಮನೆಯ ಎಲ್ಲ ಸ್ವಿಚ್ ಆಫ್ ಮಾಡಿ, ಮೇನ್ ಹಾಕಿ ಒಂದೊಂದೇ ಸ್ವಿಚ್ ಹಾಕುತ್ತಾ ಬನ್ನಿ, ಯಾವುದಕ್ಕೆ ಮತ್ತೆ ಶುರುವಾಯಿತೋ ಅದನ್ನು ಬದಲಿಸಿ. ನಿಲ್ಲದಿದ್ದರೆ ಸದ್ದು ಪಕ್ಕದ ಮನೆಯದು, ಸೆಟ್ ಎತ್ತಿಕೊಂಡು ತಾರಸಿಗೆ ಹೋಗಿ. ಸೆಟ್ಟಿನೊಳಗೆ ಒಂದು ಕಪ್ಪು ಫೆರೈಟ್ ಕಡ್ಡಿ ಇರುತ್ತದೆ, ಮೀಡಿಯಂ ವೇವ್‌ಗೆ ಅದೇ ಆಂಟೆನಾ. ಅದರ ತುದಿ ಯಾವ ಕಡೆಗಿರುತ್ತದೋ ಆ ಕಡೆಯ ಧ್ವನಿ ಕುಗ್ಗುತ್ತದೆ. ಸೆಟ್ಟನ್ನು ನಿಧಾನಕ್ಕೆ ತಿರುಗಿಸುತ್ತಾ ಕೇಳಿ, ಸದ್ದು ಸತ್ತು ಸ್ಟೇಷನ್ ಉಳಿಯುವ ಒಂದು ಜಾಗ ಸಿಗುತ್ತದೆ. ಶಾರ್ಟ್ ವೇವ್‌ಗಾದರೆ ಹತ್ತಡಿ ವೈರನ್ನು ಸೆಟ್ಟಿನ ಉದ್ದ ಕಡ್ಡಿಗೆ ಸುತ್ತಿ ಬಟ್ಟೆ ಒಣಹಾಕುವ ಕಂಬಕ್ಕೆ ಕಟ್ಟಿ.

ಇಷ್ಟೆಲ್ಲ ಮಾಡಿದರೂ ಹಳೇ ದಿನಗಳ ಥರ ಪಂದ್ಯ ಸಿಗುವುದು ಕಷ್ಟವೇ. ಬಿಬಿಸಿ ವರ್ಲ್ಡ್ ಸರ್ವಿಸ್ ಶನಿವಾರಗಳಂದು ಪ್ರೀಮಿಯರ್ ಲೀಗಿನ ಕಾಮೆಂಟರಿ ಕೊಡುತ್ತಾ ಬಂದಿದೆ, ಅದನ್ನು ಫೋನಿನಲ್ಲಿ ಕೇಳುವುದು ಸುಲಭ. ಅಲ್ಲಿನ ಮಧ್ಯಾಹ್ನ 3 ಗಂಟೆಯ ಪಂದ್ಯ ನಮಗೆ ಬೇಸಿಗೆಯಲ್ಲಿ ಸಂಜೆ 7.30, ಚಳಿಗಾಲದಲ್ಲಿ 8.30. ಮೊಮ್ಮಕ್ಕಳ ಕೈಲಿ ಒಮ್ಮೆ ಹಾಕಿಸಿಕೊಳ್ಳಿ.

ಪ್ರಶ್ನೆ: ಶನಿವಾರದ ಪಂದ್ಯವನ್ನು ನಾವು ಇಲ್ಲಿ ಟೀವಿಯಲ್ಲಿ ನೋಡುತ್ತಿದ್ದರೆ, ಇಂಗ್ಲೆಂಡಿನಲ್ಲೇ ಇರುವ ನನ್ನ ಅಣ್ಣ "ನಮಗೆ ಬರಲ್ಲ, ರೇಡಿಯೋದಲ್ಲಿ ಕೇಳ್ತಿದೀನಿ" ಅಂತಾನೆ. ಸುಮ್ನೆ ರೇಗಿಸುತ್ತಾನಾ?
– ಕಾಲೇಜು ಓದುಗಿ, ಜಯನಗರ

ಉತ್ತರ: ಇಲ್ಲಮ್ಮ, ನಿಮ್ಮಣ್ಣ ಹೇಳಿದ್ದು ಸತ್ಯ. ಅಲ್ಲಿ ಶನಿವಾರ ಮಧ್ಯಾಹ್ನ 2.45ರಿಂದ 5.15ರವರೆಗೆ ಫುಟ್‌ಬಾಲ್ ಪಂದ್ಯವನ್ನು ಟೀವಿಯಲ್ಲಿ ನೇರ ತೋರಿಸುವಂತಿಲ್ಲ. 1960ರ ದಶಕದಲ್ಲಿ ಬರ್ನ್‌ಲಿ ಕ್ಲಬ್ಬಿನ ಅಧ್ಯಕ್ಷ ಬಾಬ್ ಲಾರ್ಡ್ ಹಟ ಹಿಡಿದು ಒಪ್ಪಿಸಿದ ನಿಯಮ. ಮನೆಯಲ್ಲೇ ಪಂದ್ಯ ಕಂಡರೆ ಸಣ್ಣ ಕ್ಲಬ್ಬುಗಳ ಗೇಟಿಗೆ ಯಾರು ಬರುತ್ತಾರೆ ಅನ್ನುವುದು ಅವರ ವಾದ. ರೇಡಿಯೋಗೆ ಆ ತಡೆ ಇಲ್ಲ. ಹಾಗಾಗಿ ಅವರಿಗೆ ಕೇಳಲು ಉಂಟು, ನೋಡಲು ಇಲ್ಲ. ನಮಗೆ ನೋಡಲು ಉಂಟು, ಅದೇ ಬಿಬಿಸಿಯ ಫೈವ್ ಲೈವ್ ರೇಡಿಯೋ ಸ್ಟೇಷನ್ ಹಾಕಿದರೆ ಪ್ರೀಮಿಯರ್ ಲೀಗ್ ಕಾಮೆಂಟರಿ ಹೊರದೇಶಕ್ಕೆ ಬಂದ್! ಕರಾರು ಬರೆಯುವವರಿಗೆ ಬಿಟ್ಟರೆ ಇನ್ಯಾರಿಗೂ ಇದರ ತರ್ಕ ಹಿಡಿಸುವುದಿಲ್ಲ ಬಿಡಿ.

ನಿಮಗೂ ಅಣ್ಣ ಕೇಳುವ ಕಾಮೆಂಟರಿಯೇ ಬೇಕಿದ್ದರೆ, ನೆದರ್ಲೆಂಡ್ಸಿನ ಟ್ವೆಂಟೆ ವಿಶ್ವವಿದ್ಯಾಲಯದಲ್ಲಿ ಎಲ್ಲರಿಗೂ ತೆರೆದಿಟ್ಟ ವೆಬ್‌ಎಸ್‌ಡಿಆರ್ ಅನ್ನುವ ರಿಸೀವರ್ ಇದೆ. ಮೇಲೆ ರಾಜಾಜಿನಗರದವರಿಗೆ ಹೇಳಿದ್ದರ ದೊಡ್ಡಪ್ಪ ಅನ್ನಿ, ಒಂದೇ ಸಲಕ್ಕೆ ನೂರಾರು ಜನ ಕೇಳಬಹುದು. ಫೈವ್ ಲೈವ್‌ನ ಮೀಡಿಯಂ ವೇವ್ 693 ಮತ್ತು 909 ಕಿಲೋಹರ್ಟ್ಸ್. ಅಲ್ಲಿ ಕತ್ತಲಾದ ಮೇಲೆ ಚೆನ್ನಾಗಿ ಸಿಗುತ್ತದೆ.

ಪ್ರಶ್ನೆ: ನಮ್ಮ ಏರಿಯಾದಲ್ಲಿ ಪೆಲೆ ಪ್ರತಿಮೆಯೇ ಇದೆ, ಫುಟ್‌ಬಾಲ್ ಬಿಟ್ಟರೆ ಬೇರೆ ಮಾತಿಲ್ಲ. 2023ರಲ್ಲಿ ಕರ್ನಾಟಕ ತಂಡ ರಿಯಾದ್‌ನಲ್ಲಿ ರಾಜ್ಯ ತಂಡಗಳ ಸಂತೋಷ್ ಟ್ರೋಫಿ ಫೈನಲ್ ಆಡಿದಾಗ ಎಲ್ಲರೂ ಸಣ್ಣ ಸಣ್ಣ ಫೋನಿಗೆ ಮುಗಿಬಿದ್ದಿದ್ದೆವು. ನಮ್ಮ ತಂಡ ಹೊರಗೆ ಆಡಿದಾಗ ರೇಡಿಯೋದಲ್ಲಿ ಕನ್ನಡದಲ್ಲಿ ಹೇಳೋಕೆ ಏನು ಕಷ್ಟ?
– ಓದುಗರು, ಗೌತಮಪುರ

ಉತ್ತರ: ಮಾರ್ಚ್ 4, ಮೇಘಾಲಯದ ವಿರುದ್ಧ 3-2. ಹಿಂದಿನ ಗೆಲುವು 1968-69ರದು, ರಾಜ್ಯದ ಹೆಸರು ಇನ್ನೂ ಮೈಸೂರು ಆಗಿದ್ದಾಗ. ಅಂಥ ದಿನ ಒಂದು ರೇಡಿಯೋ ನಿಮ್ಮ ಬೀದಿ ತುಂಬಾ ಕೇಳಬೇಕಿತ್ತು, ನಿಮ್ಮ ಸಿಟ್ಟು ನ್ಯಾಯವಾದದ್ದೇ.

ಖಾಸಗಿ ಎಫ್‌ಎಂಗಳಿಗೆ 2011ರ ನೀತಿಯಲ್ಲಿ ಕ್ರೀಡೆಯ ನೇರ ಪ್ರಸಾರಕ್ಕೆ ಅವಕಾಶ ಇಲ್ಲ, ಸ್ಥಳೀಯ ಕ್ರೀಡೆಯ ವೀಕ್ಷಕ ವಿವರಣೆಗೆ ಮಾತ್ರ ವಿನಾಯ್ತಿ. ಕಂಠೀರವದಲ್ಲಿ ಆಡಿದರೆ ಸ್ಥಳೀಯ ಅನ್ನಬಹುದು, ರಿಯಾದನ್ನು ಹೇಗೆ ಅನ್ನುವುದು? ಉಳಿದದ್ದು ಆಕಾಶವಾಣಿ. 2007ರ ಕಾಯ್ದೆಯ ಪ್ರಕಾರ ದೇಶಕ್ಕೆ ಮುಖ್ಯ ಅಂತ ಸರ್ಕಾರ ಗುರುತಿಸಿದ ಪಂದ್ಯಗಳನ್ನು ಹಕ್ಕು ಪಡೆದವರು ಆಕಾಶವಾಣಿಯನ್ನು ನಡೆಸುವ ಪ್ರಸಾರ ಭಾರತಿ ಜತೆ ಹಂಚಿಕೊಳ್ಳಲೇಬೇಕು. ರೇಡಿಯೋದ ಜಾಹೀರಾತು ಹಣದಲ್ಲಿ ಇಬ್ಬರಿಗೂ ಅರ್ಧರ್ಧ. ಕಾನೂನು ಇದೆ, ದಸರಾ ಜಂಬೂಸವಾರಿಯನ್ನು ಕಣ್ಣಿಗೆ ಕಟ್ಟುವಂತೆ ಹೇಳಿದ ದನಿಗಳ ಪರಂಪರೆಯೂ ಇದೆ. ಇಲ್ಲದಿರುವುದು ಮನಸ್ಸು. ನಿಮ್ಮ ಬೀದಿಯವರೆಲ್ಲ ಸೇರಿ ರಾಜಭವನ ರಸ್ತೆಯ ಆಕಾಶವಾಣಿಗೆ ಒಂದು ಅರ್ಜಿ ಬರೆಯಿರಿ, ಸೀಸನ್ ಶುರುವಾಗುವ ಮೊದಲೇ. ನಾನೂ ಸಹಿ ಹಾಕುತ್ತೇನೆ.

ಪ್ರಶ್ನೆ: ಟೀವಿ ಮ್ಯೂಟ್ ಮಾಡಿ ಇಂಟರ್ನೆಟ್ ರೇಡಿಯೋ ಕಾಮೆಂಟರಿ ಹಾಕಿಕೊಂಡರೆ ಎರಡಕ್ಕೂ ತಾಳಮೇಳ ಇರುವುದಿಲ್ಲ. ಸರಿಮಾಡಬಹುದಾ?
– ಓದುಗರು, ಯಲಹಂಕ

ಉತ್ತರ: ಯಾವುದು ಮುಂದಿದೆ ನೋಡಿ. ರೇಡಿಯೋ ಮುಂದಿದ್ದರೆ ಅದನ್ನು ಪಾಸ್ ಮಾಡಿ, ಕಿಕ್ಕಾಫ್ ಕಾಣಿಸಿದ ಕ್ಷಣ ಬಿಡಿ. ಎಲ್ಲ ಆ್ಯಪ್‌ಗಳೂ ನಿಲ್ಲಿಸಿದ ಕಡೆಯಿಂದ ಮುಂದುವರಿಯುವುದಿಲ್ಲ, ಮೊದಲೇ ಪರೀಕ್ಷಿಸಿಕೊಳ್ಳಿ. ಟೀವಿ ಮುಂದಿದ್ದರೆ ಸೆಟ್‌ಟಾಪ್ ಬಾಕ್ಸ್ ಅಥವಾ ಆ್ಯಪಿನಲ್ಲಿ ಅದನ್ನೇ ಪಾಸ್ ಮಾಡಿ. ಮಧ್ಯೆ ಜಾಹೀರಾತು ಬಂದು ಮತ್ತೆ ತಪ್ಪಿದರೆ ಥ್ರೋ-ಇನ್ ಹೊತ್ತಿನಲ್ಲಿ ಸರಿಮಾಡಿಕೊಳ್ಳಿ. ಫೋನಿನ ಸ್ಕೋರ್ ನೋಟಿಫಿಕೇಷನ್ ಮಾತ್ರ ಮೊದಲು ಆಫ್ ಮಾಡಿ, ಅದು ಎರಡಕ್ಕಿಂತಲೂ ಮುಂಚೆ ಬಂದು ಗೋಲು ಹೇಳಿಬಿಡುತ್ತದೆ.